ನೂರಾ ಎಂಟು ಕಾಶಿ ಕಣಗಿಲೆ

ಸವಣೂರಿನ ಪೇಟೆಯಲ್ಲಿ ವೀರವ್ವ ವೀಳ್ಯದೆಲೆಯ ಬುಟ್ಟಿ ಮುಂದಿಟ್ಟುಕೊಂಡು ಕೂತಳೆಂದರೆ ಅವಳ ಬಾಯಿಂದ ಧಾರಣೆ ಒಂದೇ ಸಲ ಹೊರಡುತ್ತಿತ್ತು. ಕೊಳ್ಳುವವರು ಮುಖ ಸೊಟ್ಟಗೆ ಮಾಡಿ, ನಾಲ್ಕು ಬುಟ್ಟಿ ತಿರುಗಿ, ಬೆವರು ಒರೆಸಿಕೊಳ್ಳುತ್ತ ಮರಳಿ ಬಂದು ಕೇಳಿದರೂ ಅದೇ ಧಾರಣೆ. ನವಾಬರ ವಾಡೆಯ ಅಡಿಗೆಯವನು ಆಳು ಸಮೇತ ಬಂದು ನಿಂತರೂ ಅದೇ. "ವೀರವ್ವ ಅಂದಳಂದ್ರ ಆತು, ಮುಂದ ದೇವರು ಬಂದು ಕೇಳಿದ್ರೂ ಬದಲ ಇಲ್ಲ" ಎಂದು ಓಣಿಯವರು ಆಡಿಕೊಳ್ಳುವುದನ್ನು ಅವಳು ಕೇಳಿಸದವಳಂತೆ ಕೇಳಿಸಿಕೊಂಡು ಒಳಗೊಳಗೇ ಹಿಗ್ಗುತ್ತಿದ್ದಳು. ಈ ಹೆಸರು ಗಳಿಸಲು ಮೂವತ್ತು ವರ್ಷ ಹಿಡಿದಿತ್ತು. ಅದೇ ಹೆಸರಿನಲ್ಲಿ ಸಿಕ್ಕಿಹಾಕಿಕೊಳ್ಳಲು ಒಂದು ಮಧ್ಯಾಹ್ನ ಸಾಕಾಯಿತು.

ಲಡಾಯಿ ಸುರುವಾದ ಮೇಲಿನ ಎರಡನೆಯ ಬೇಸಿಗೆ ಅದು. ದವನದ ಹುಣ್ಣಿಮೆಯ ಮರುದಿನ ಸೊಸೆ ಸರೋಜವ್ವನ ಅಣ್ಣ ಉಳಿವೆಪ್ಪ ದುಂಡಸಿಯಿಂದ ಬಂದ. ಬಂದವನು ಕೈಕಾಲು ತೊಳೆದು, ಹಿತ್ತಲಿನ ಕಟ್ಟೆಯ ಮೇಲೆ ಕೂತು, ಮಜ್ಜಿಗೆ ಕುಡಿದು, ಮೀಸೆ ಒರೆಸಿಕೊಂಡು ಸುದ್ದಿ ಬಿಚ್ಚಿದ.

"ಅತ್ತೀ, ಸಣ್ಣ ತಂಗಿ ಮದುವಿ ಗಟ್ಟಿ ಆತ್ರಿ. ಆಗಿ ಹುಣ್ಣಿವಿ ದಿನಾನ ಲಗ್ನ. ಸರೋಜಿನ್ನ ಕಳಸ್ರಿ, ಕರಕೊಂಡ ಹೋಗ್ತೇನಿ. ಆಕೀನ ಕಳಸಗಿತ್ತಿ, ಮದುಮಗಳ ಬಾಜೂಕ ಕಳಸಾ ಹಿಡೀಬೇಕು."

"ಈಗಂದ್ರ? ಲಗ್ನ ಇನ್ನಾ ತಿಂಗಳೈತಿ."

"ಶಾವಿಗಿ ಹೊಸೀಬೇಕು, ಹಪ್ಪಳ ಸಂಡಿಗಿ ಆಗಬೇಕು. ಮನ್ಯಾಗ ಹೆಣ್ಮಕ್ಕಳು ಬೇಕಲ್ರಿ."

"ನಮ್ಮ ಮನ್ಯಾಗ ಬ್ಯಾಡೇನು? ನಾವೇನು ಗಾಳಿ ಕುಡದು ಇರ್ತೇವೇನಪಾ?"

ಉಳಿವೆಪ್ಪ ನಕ್ಕ. ನಕ್ಕದ್ದೇ ತಪ್ಪಾಯಿತು. ಹೋದ ಪಂಚಮಿಗೆ ಇವನೇ ಬಂದು ತಂಗಿಯನ್ನು ಕರೆದೊಯ್ದು, ದೀಪಾವಳಿ ಕಳೆದು ಗೌರಿ ಹುಣ್ಣಿಮೆ ಹತ್ತಿರ ಬಂದಾಗ ತಂದು ಬಿಟ್ಟಿದ್ದ. ಅದೆಲ್ಲ ವೀರವ್ವನ ತಲೆಗೆ ಒಮ್ಮೆಲೇ ಏರಿತು. ಅವಳು ಎದ್ದು ನಿಂತು, ಹಿತ್ತಲಿನ ಗೋಡೆಯ ಬುಡಕ್ಕೆ ಬೆರಳು ತೋರಿಸಿದಳು. ಅಲ್ಲಿ ಸರೋಜವ್ವ ತವರಿನಿಂದ ಸೆರಗಿನ ತುದಿಯಲ್ಲಿ ಬೀಜ ಕಟ್ಟಿಕೊಂಡು ಬಂದು ಹಚ್ಚಿದ್ದ ಹನ್ನೆರಡು ಕಾಶಿ ಕಣಗಿಲೆಯ ಗಿಡಗಳು ಬೆಳ್ಳಗೆ, ಗುಲಾಬಿ ಬಣ್ಣಕ್ಕೆ ಅರಳಿ ನಿಂತಿದ್ದವು.

"ನೋಡಪಾ ಉಳಿವೆಪ್ಪ, ಆ ಗಿಡದಾಗ ಒಂದ ಹೊತ್ತಿಗೆ ನೂರಾ ಎಂಟು ಹೂವು ಅರಳ್ಲಿ. ಸೋಮವಾರ ಅವನ್ನ ಶಿವಗ ಏರಸ್ತೇನಿ, ಅವತ್ತ ನಿನ್ನ ತಂಗೀನ ಬಂಡಿ ಹತ್ತಸ್ತೇನಿ. ಅಲ್ಲೀತನಕ ಆಕಿ ಹೊಸ್ತಿಲಾ ದಾಟಂಗಿಲ್ಲ. ಶಿವನಾಣಿ!"

ಗೋಡೆಯಾಚೆಯಿಂದ ನೆರೆಯ ಮಾಬೂಬಿಯ ದನಿ ಬಂತು. "ಯಾ ಅಲ್ಲಾ! ಆಣೀನೂ ಇಟ್ಟಿಯೇನಕ್ಕಾ?"

ಹೀಗೆ ಮಾತಿಗೆ ಸಾಕ್ಷಿಯೂ ಸಿಕ್ಕಿತು. ಉಳಿವೆಪ್ಪ ಮೂರು ಸೋಮವಾರ ಬಿಟ್ಟು ನಾಲ್ಕನೆಯ ಸೋಮವಾರ ಬಂಡಿ ತರುವುದಾಗಿ ಹೇಳಿ, ಹೊರಡುವಾಗ ಗಿಡಗಳ ಕಡೆ ಒಮ್ಮೆ ನೋಡಿ, ತಂಗಿಯ ಕಡೆ ಒಮ್ಮೆ ನೋಡಿ ಹೋದ. ಸರೋಜವ್ವ ಮಜ್ಜಿಗೆಯ ತಂಬಿಗೆ ಎತ್ತಿಕೊಂಡು ಒಳಗೆ ಹೋದಳು.

ನಿಜ ಹೇಳಬೇಕೆಂದರೆ ವೀರವ್ವನಿಗೆ ಸಿಟ್ಟು ಬಂದದ್ದು ಶಾವಿಗೆಗೂ ಅಲ್ಲ, ಸಂಡಿಗೆಗೂ ಅಲ್ಲ. ಸೊಸೆ ಇಲ್ಲದ ಮನೆಯಲ್ಲಿ ಗಂಡ ಕುಬೇರಪ್ಪ ಮತ್ತು ಮಗ ಪರಮೇಶಪ್ಪ ಎದುರುಬದುರು ಕೂತು ಉಣ್ಣುವಾಗ ಆಡುವ ಮಾತು ಕೇಳಿದವರಿಗೆ ಅದು ಗೊತ್ತಾಗುತ್ತಿತ್ತು. "ಮೂಲ್ಯಾಗಿನ ಬಳ್ಳಿ ಎರಡ ಎಲಿ ಬಿಟ್ಟೈತಿ" ಎಂದು ಅಪ್ಪ. "ಹೂಂ, ಮೂರನೇದೂ ಬರಾಕತ್ತೈತಿ" ಎಂದು ಮಗ. ಊಟ ಮುಗಿಯಿತು. ಎಲೆತೋಟದವರು ಹಾಗೆಯೇ. ಸರೋಜವ್ವ ಇದ್ದರೆ ಪೇಟೆಯ ಸುದ್ದಿ ಹೇಳುತ್ತಿದ್ದಳು, ಮಾವನ ನಡಿಗೆಯನ್ನು ಮಾವನ ಬೆನ್ನ ಹಿಂದೆಯೇ ಅಣಕಿಸಿ ತೋರಿಸುತ್ತಿದ್ದಳು, ವೀರವ್ವ ರೊಟ್ಟಿ ತಟ್ಟುವುದನ್ನು ಬಿಟ್ಟು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು. ಆದರೆ ಅತ್ತೆಯಾದವಳು ಸೊಸೆಗೆ, "ನೀ ಹೋದ್ರ ನನಗ ಹೊತ್ತ ಹೋಗಂಗಿಲ್ಲ" ಅನ್ನುವುದು ಎಲ್ಲಿಯಾದರೂ ಉಂಟೇ? ಓಣಿಯಲ್ಲಿ ತಲೆ ಎತ್ತಿ ತಿರುಗುವುದು ಬೇಡವೇ? ಆಣೆ ಇಡುವುದು ಅದಕ್ಕಿಂತ ಹಗುರಾಗಿ ಕಂಡಿತ್ತು.

ಮರುದಿನ ಬೆಳಿಗ್ಗೆ ಮನೆಮಂದಿಯೆಲ್ಲ ಹಿತ್ತಲಲ್ಲಿ ನಿಂತು ಎಣಿಸಿದರು. ನಲವತ್ತೊಂದು ಹೂವು.

"ಇನ್ನ ಅರವತ್ತೇಳು" ಎಂದ ಕುಬೇರಪ್ಪ. ಹೆಂಡತಿಯ ಮಾತಿಗೆ ಅವನು ಎದುರಾಡಿದವನಲ್ಲ. ಆದರೆ ಸೊಸೆಯ ಮುಖ ಸಪ್ಪಗಾದದ್ದು ಅವನ ಕಣ್ಣಿಗೆ ಬಿದ್ದಿತ್ತು. ಅವನಿಗೆ ಗೊತ್ತಿದ್ದ ಮದ್ದು ಒಂದೇ. "ಅರವತ್ತೇಳು ಯಾವ ದೊಡ್ಡ ಮಾತು? ನೀರು ಬಿದ್ರ ಎಂಟು ದಿನದಾಗ ಇನ್ನೂರು ಆಗ್ತಾವ. ಗಿಡಾ ಅಂದ್ರ ಏನು? ಬಾಯಿ. ಬಾಯಿಗೆ ಏನು ಬೇಕು? ನೀರು."

"ಮಾವಾರ, ನಮ್ಮೂರಾಗ ಇದಕ್ಕ ಯಾರೂ ನೀರು ಹಾಕಂಗಿಲ್ರಿ" ಎಂದಳು ಸರೋಜವ್ವ ಮೆಲ್ಲಗೆ.

"ನಿಮ್ಮೂರಾಗ ನೀರಿಲ್ಲ, ಅದಕ್ಕ ಹಾಕಂಗಿಲ್ಲ" ಎಂದ ಕುಬೇರಪ್ಪ. "ನೀರು ಇದ್ದಲ್ಲೆ ಹ್ಯಾಂಗ ಬೆಳೀತಾವ, ಈಗ ನೋಡು."

ಸವಣೂರಿನ ಎಲೆತೋಟದವನ ಮುಂದೆ ನೀರಿನ ಮಾತು ತೆಗೆದು ಗೆದ್ದವರಿಲ್ಲ. ಎಲೆಬಳ್ಳಿ ಒಂದು ದಿನ ನೀರು ತಪ್ಪಿದರೆ ಮುಖ ಊದಿಸುತ್ತದೆ, ಎರಡು ದಿನ ತಪ್ಪಿದರೆ ಎಲೆ ಉದುರಿಸುತ್ತದೆ. ಅದಕ್ಕೆ ನೆರಳು ಬೇಕು, ತಂಪು ಬೇಕು, ಬುಡದಲ್ಲಿ ಸದಾ ಹಸಿ ಬೇಕು. ಮೂವತ್ತೈದು ವರ್ಷ ಹಾಗೆ ಬಳ್ಳಿಗಳನ್ನು ಸಾಕಿದ್ದ ಕುಬೇರಪ್ಪ ಕಾಶಿ ಕಣಗಿಲೆಗೂ ಅದೇ ಉಪಚಾರ ಸುರು ಮಾಡಿದ. ಗಿಡಗಳ ಸುತ್ತ ಒಡ್ಡು ಕಟ್ಟಿ ಮಡಿ ಮಾಡಿದ. ಮೇಲೆ ನಾಲ್ಕು ಗೂಟ ನೆಟ್ಟು, ಹಳೆಯ ಚಾಪೆ ಹಾಸಿ ಚಪ್ಪರ ಹಾಕಿದ. ಬೆಳಿಗ್ಗೆ ಎರಡು ಕೊಡ, ಸಂಜೆ ಎರಡು ಕೊಡ ನೀರು ಎಂದು ಗೊತ್ತು ಮಾಡಿದ.

ವೀರವ್ವನೂ ಸುಮ್ಮನಿರಲಿಲ್ಲ. ಆ ಮನೆಯಲ್ಲಿ ನಾಲ್ಕೂ ಮಂದಿ ಲಿಂಗಪೂಜೆ ಮಾಡುವವರು. ಪೂಜೆಯ ನೀರು ತುಳಿಯುವ ಜಾಗದಲ್ಲಿ ಚೆಲ್ಲಬಾರದೆಂದು ಅದನ್ನು ಹಿತ್ತಲಿನ ಬಿಲ್ವಪತ್ರಿಗಿಡಕ್ಕೆ ಹಾಕುವುದು ರೂಢಿ. "ಹೂವು ಶಿವಗ ಹೋಗೋದು, ಇನ್ನ ಮ್ಯಾಲ ಪೂಜಿ ನೀರು ಇವಕ್ಕ ಹಾಕ್ರಿ" ಎಂದು ಅವಳು ಅಪ್ಪಣೆ ಮಾಡಿದಳು. ಆಣೆ ಇಟ್ಟದ್ದು ನಿಜ. ಆದರೆ ದೇವರ ಕೆಲಸಕ್ಕೆ ಅಡ್ಡ ಬಂದವಳು ಅನ್ನಿಸಿಕೊಳ್ಳುವುದು ಅವಳಿಗೆ ಬೇಕಿರಲಿಲ್ಲ.

ಮೊದಲನೆಯ ಸೋಮವಾರ ಎಣಿಸಿದಾಗ ಇಪ್ಪತ್ತೊಂಬತ್ತು.

"ಗಿಡಾ ಬೇರು ಬಿಡಾಕತ್ತೈತಿ. ಅದಕ್ಕ ಹೂವು ಕಡಿಮಿ" ಎಂದು ಕುಬೇರಪ್ಪ ಮೂರು ಕೊಡ ಮಾಡಿದ.

ಎರಡನೆಯ ಸೋಮವಾರ ಹದಿನೇಳು. ಎಲೆಗಳು ಹಳದಿಯಾಗಿ ಜೋತು ಬಿದ್ದಿದ್ದವು. ಬಿಸಿಲಿಗೆ ಬಾಯಾರಿದ ಗಿಡ ಹೇಗೆ ಸೊರಗುತ್ತದೆಯೋ ಹಾಗೆಯೇ ಕಾಣುತ್ತಿತ್ತು. ಯಾರು ನೋಡಿದರೂ, "ಅಯ್ಯ, ಪಾಪ, ನೀರಿಲ್ಲ ಇದಕ್ಕ" ಅನ್ನಬೇಕು, ಹಾಗೆ.

ಆ ದಿನ ಮಧ್ಯಾಹ್ನ ವೀರವ್ವ ಅಡಿಗೆಮನೆಯ ಬಾಗಿಲಲ್ಲಿ ಸೊಸೆ ಕೂತಿದ್ದನ್ನು ಕಂಡಳು. ಸರೋಜವ್ವ ತಂಗಿಯ ಮದುವೆಗೆಂದು ಕುಪ್ಪಸ ಹೊಲಿಯುತ್ತಿದ್ದಳು. ಹಸಿರು ಖಣ, ಸಣ್ಣ ಸಣ್ಣ ಹೊಲಿಗೆ. ಎರಡು ಹೊಲಿಗೆ ಹಾಕುವಳು, ಹಿತ್ತಲಿನ ಕಡೆ ನೋಡುವಳು, ಮತ್ತೆ ಎರಡು ಹೊಲಿಗೆ. ಅಳುತ್ತಿರಲಿಲ್ಲ. ಅತ್ತಿದ್ದರೆ ವೀರವ್ವ ಗದರಿಸಿ ಹಗುರಾಗುತ್ತಿದ್ದಳು. ಅಳದೆ ಇದ್ದದ್ದೇ ಕಷ್ಟವಾಯಿತು. ಎಂಟು ದಿನದಿಂದ ಹುಡುಗಿ ಯಾರನ್ನೂ ಅಣಕಿಸಿರಲಿಲ್ಲ ಎಂಬುದು ವೀರವ್ವನಿಗೆ ಆಗ ಹೊಳೆಯಿತು. ಮನೆಯಲ್ಲಿದ್ದೂ ಇಲ್ಲದಂತಾಗಿದ್ದಳು. ಇವಳನ್ನು ಹಿಡಿದಿಟ್ಟುಕೊಂಡು ಸಿಕ್ಕಿದ್ದಾದರೂ ಏನು?

"ಸರೂ, ಗಿಡದ ಚಿಂತಿ ಹಚಗೊಂಡಿ ಏನು?" ಎಂದು ಕೇಳಿದಳು.

"ಇಲ್ರಿ ಅತ್ತೀ. ಕಂಕುಳಾಗ ಬಿಗೀ ಆಗ್ತೈತೇನೋ ಅಂತ ನೋಡಾಕತ್ತೇನಿ" ಎಂದು ಅವಳು ಕುಪ್ಪಸ ಎತ್ತಿ ತೋರಿಸಿದಳು.

"ಹೋಗು ತಂಗೀ, ಆಣಿ ಗೀಣಿ ಬಿಡು" ಎಂಬ ಮಾತು ವೀರವ್ವನ ನಾಲಿಗೆಯ ತುದಿಗೆ ಬಂದು ಕೂತಿತು. ಕೂತು, ಅಲ್ಲಿಂದ ಇಳಿಯಲಿಲ್ಲ. ಮೂವತ್ತು ವರ್ಷದಲ್ಲಿ ಆ ನಾಲಿಗೆ ಹಿಂದಕ್ಕೆ ತಿರುಗುವುದನ್ನು ಕಲಿತೇ ಇರಲಿಲ್ಲ. ಉಳಿದದ್ದು ಒಂದೇ ದಾರಿ. ಹೂವು ಬೇಗ ಆಗಬೇಕು, ಹುಡುಗಿ ಹೋಗಬೇಕು, ತನ್ನ ಮಾತೂ ಉಳಿಯಬೇಕು. ಮರುದಿನದಿಂದ ವೀರವ್ವ ಎಲ್ಲರೂ ಏಳುವ ಮೊದಲೇ ಎದ್ದು, ಸೆರಗಿನ ಮರೆಯಲ್ಲಿ ದೊಡ್ಡ ಚರಿಗೆ ಹಿಡಿದುಕೊಂಡು, ಬೆಕ್ಕಿನಂತೆ ಹಿತ್ತಲಿಗೆ ಹೋಗಿ ಬರತೊಡಗಿದಳು.

ನೆಲ ಯಾವಾಗಲೂ ಹಸಿಯಾಗಿಯೇ ಇರುತ್ತಿತ್ತು. ನಿನ್ನೆ ಸಂಜೆಯ ನೀರು ಇನ್ನೂ ಆರಿಲ್ಲವೆಂದುಕೊಂಡು ಅವಳು ಮೂರು ದಿನ ಹಾಕಿದಳು.

ನಾಲ್ಕನೆಯ ದಿನ ಎಚ್ಚರವಾಗುವುದು ತುಸು ತಡವಾಯಿತು. ಮೂಡಣ ಕೆಂಪಾಗಿತ್ತು. ವೀರವ್ವ ಚರಿಗೆ ಹಿಡಿದು ಹಿತ್ತಲಿಗೆ ಕಾಲಿಟ್ಟರೆ ಚಪ್ಪರದ ಹತ್ತಿರ ಒಂದು ಬೆನ್ನು ಬಗ್ಗಿತ್ತು. ಕುಬೇರಪ್ಪ, ಕೈಯಲ್ಲಿ ಕೊಡ.

"ಏನದು? ಮುಂಜಾನಿ ನೀರು ಹಾಕೋದು ಹೊತ್ತ ಏರಿದ ಮ್ಯಾಲಲ್ಲ?" ಎಂದಳು.

ಅವನು ಬೆಚ್ಚಿ ತಿರುಗಿದ. "ಅದು ಬ್ಯಾರೆ. ಇದು... ಇದು ಸ್ವಲ್ಪ ಮ್ಯಾಲಿಂದ. ಸರೋಜವ್ವಗ ಹೇಳಬ್ಯಾಡ. ಹುಡುಗಿ ಮಾರಿ ನೋಡಾಕ ಆಗಂಗಿಲ್ಲ ನನಗ." ಆಮೇಲೆ ಅವನ ಕಣ್ಣು ಹೆಂಡತಿಯ ಸೆರಗಿನ ಉಬ್ಬಿನ ಮೇಲೆ ಬಿತ್ತು. "ನಿನ್ನ ಸೆರಗಿನಾಗ ಏನೈತಿ?"

ವೀರವ್ವ ಚರಿಗೆ ಹೊರಗೆ ತೆಗೆಯುವಷ್ಟರಲ್ಲಿ ದನದ ಕೊಟ್ಟಿಗೆಯ ಕಡೆಯಿಂದ ಪರಮೇಶಪ್ಪ ಬಂದ. ತಲೆ ಕೆಳಗೆ ಹಾಕಿ, ಎರಡು ಕೈಯಲ್ಲಿ ಒಂದು ಬೋಗುಣಿ ಹಿಡಿದು, ಚೆಲ್ಲದ ಹಾಗೆ ಒಂದೊಂದೇ ಹೆಜ್ಜೆ ಇಡುತ್ತ ಬಂದವನು ಅಪ್ಪನ ಹೊಟ್ಟೆಗೆ ಡಿಕ್ಕಿ ಹೊಡೆದ. ಶೇಂಗಾ ಹಿಂಡಿ ನೆನೆಸಿದ ನೀರು ಕುಬೇರಪ್ಪನ ಧೋತರದ ಮೇಲೆಲ್ಲ ಹರಿಯಿತು.

"ಪರಮ್ಯಾ! ಇದೇನೋ ನಾರಾಕತ್ತೈತಿ?"

"ಎಮ್ಮಿಗೆ ನೆನಿ ಇಟ್ಟಿದ್ದೆ..."

"ಎಮ್ಮಿ ಅಲ್ಲೈತಿ. ನೀ ಇಲ್ಲಿಗೆ ಯಾಕ ಬಂದಿ?"

ಪರಮೇಶಪ್ಪ ಚಪ್ಪರ ನೋಡಿದ, ಅಪ್ಪನ ಕೊಡ ನೋಡಿದ, ಅವ್ವನ ಚರಿಗೆ ನೋಡಿದ. ಅವನಿಗೆ ಹೆಂಡತಿ ತವರಿಗೆ ಹೋಗುವುದು ಎಳ್ಳಷ್ಟೂ ಇಷ್ಟವಿರಲಿಲ್ಲ. ಹೋಗಲಾಗಲಿಲ್ಲವೆಂದು ಅವಳು ಮೌನವಾಗಿರುವುದು ಅದಕ್ಕಿಂತಲೂ ಇಷ್ಟವಿರಲಿಲ್ಲ. ಇದನ್ನೆಲ್ಲ ತಂದೆತಾಯಿಯ ಮುಂದೆ ಹೇಳುವುದು ಹೇಗೆ? "ಎಮ್ಮಿ ಒಲ್ಲೆ ಅಂತು" ಎಂದ.

ಅಷ್ಟರಲ್ಲಿ ಬಚ್ಚಲ ಬಾಗಿಲು ಕಿರ್ರೆಂದಿತು. ಸರೋಜವ್ವ ಸೊಂಟದ ಮೇಲೊಂದು ಕೊಡ, ಕೈಯಲ್ಲೊಂದು ತಂಬಿಗೆ ಹಿಡಿದು ಹೊರಗೆ ಬಂದು, ಮೂವರನ್ನೂ ಕಂಡು ಅಲ್ಲೇ ಕಂಬವಾದಳು.

 ನಾಲ್ಕು ಮಂದಿ, ಐದು ಪಾತ್ರೆ. ಅವರ ನಡುವೆ ಕೆಸರಿನಲ್ಲಿ ಮೊಣಕಾಲಮಟ ಮುಳುಗಿ, ತಲೆ ಜೋಲು ಬಿಟ್ಟುಕೊಂಡು ಹನ್ನೆರಡು ಗಿಡ. ಒಂದು ಕಪ್ಪೆ ಮಡಿಯ ಒಡ್ಡಿನ ಮೇಲೆ ಕೂತು ಎಲ್ಲರನ್ನೂ ನೋಡುತ್ತಿತ್ತು.

ಗೋಡೆಯ ಮೇಲೆ ಮಾಬೂಬಿಯ ತಲೆ ಎದ್ದಿತು. ಅವಳು ಬಾಯಿಗೆ ಸೆರಗು ಒತ್ತಿ ಹಿಡಿದಿದ್ದಳು. ಹಿಡಿದರೂ ನಗು ಮೂಗಿನಿಂದ ಬರುತ್ತಿತ್ತು.

"ಅಕ್ಕಾ, ಭತ್ತ ಹಚ್ಚಾಕತ್ತೀರೇನು?"

"ನಗಬ್ಯಾಡ ಮಾಬೂಬಿ. ಗಿಡಾ ಸಾಯಾಕತ್ತಾವ" ಎಂದಳು ವೀರವ್ವ.

"ಸಾಯಾಕತ್ತಿಲ್ಲ, ನೀವು ಕೊಲ್ಲಾಕತ್ತೀರಿ. ಇತ್ತಾಗ ಬಂದು ನನ್ನ ಗ್ವಾಡಿ ನೋಡು."

ವೀರವ್ವ ಒರಳುಕಲ್ಲಿನ ಮೇಲೆ ಹತ್ತಿ ಇಣುಕಿದಳು. ಮಾಬೂಬಿಯ ಕಡೆಯ ಗೋಡೆಯಲ್ಲಿ, ಕಲ್ಲು ಕಲ್ಲಿನ ಸಂದಿಯಲ್ಲಿ, ಬೊಗಸೆ ಮಣ್ಣೂ ಇಲ್ಲದಲ್ಲಿ ಅದೇ ಕಾಶಿ ಕಣಗಿಲೆ ನೆತ್ತಿಯ ತುಂಬ ಹೂ ಹೊತ್ತು ನಿಂತಿತ್ತು. ಕೆಳಗೆ ಅವಳ ಎರಡು ಆಡು ಮಲಗಿದ್ದವು. ಅವು ಅದನ್ನು ಮೂಸಿಯೂ ನೋಡುತ್ತಿರಲಿಲ್ಲ.

"ನಾವು ಇದಕ್ಕ ಸದಾಬಹಾರ್ ಅಂತೇವಿ. ಇದರ ಬೀಜ ನಿಮ್ಮ ಗಿಡದಿಂದನ ಸಿಡದು ಬಂದೈತಿ, ಹೋದ ವರ್ಷ. ಒಂದು ಹನಿ ನೀರು ಹಾಕಿಲ್ಲ ನಾನು. ಇದು ನಮ್ಮ ಅಳಿಯನಂಗಕ್ಕಾ. ಉಪಚಾರ ಮಾಡಿದ್ರ ಮಾರಿ ಉಬ್ಬಸ್ತಾನ. ತಿರುಗಿ ನೋಡದಿದ್ರ ನಕ್ಕೋತ ಬರ್ತಾನ."

"ನೀರಿಲ್ದ ಹ್ಯಾಂಗ ಬದುಕ್ತೈತಿ?" ಎಂದ ಕುಬೇರಪ್ಪ ಕೆಳಗಿನಿಂದ. ಅವನ ದನಿಯಲ್ಲಿ ನೋವಿತ್ತು.

"ನೀರಿದ್ದದ್ದಕ್ಕ ಹ್ಯಾಂಗ ಸಾಯ್ತೈತಿ, ಅದನ್ನ ನೋಡಾಕತ್ತೀಯಲ್ಲಣ್ಣಾ. ಆ ಚಪ್ಪರ ಕಿತ್ತು ಒಗಿ, ಬಿಸಿಲು ಬೀಳ್ಲಿ. ಆ ಒಡ್ಡು ಒಡಿ. ಮ್ಯಾಲ ಎಲ್ಲಾರೂ ಕೈ ಕಟಗೊಂಡು ಕುಂದರ್ರಿ."

ಕುಬೇರಪ್ಪ ಒಂದು ಉಪಾಯ ಹೇಳಿದ. ಇಷ್ಟು ದಿನ ಅದು ಹೊಳೆಯದೆ ಇದ್ದದ್ದಕ್ಕೆ ತನ್ನ ತಲೆಗೆ ತಾನೇ ಬಡಿದುಕೊಂಡ. ಮಾಬೂಬಿಯ ಗೋಡೆಯ ಹೂವನ್ನೇ ಕಿತ್ತು ಎಣಿಸಿದರೆ ಮುಗಿಯಿತಲ್ಲ? ಮಾಬೂಬಿ ಗೋಡೆಯ ಕಡೆ ಕೈ ತೋರಿಸಿ, "ಬೇಕಾದಷ್ಟು ಒಯ್ಯಿರಿ" ಎಂದಳು. ವೀರವ್ವ ಸರೋಜವ್ವನ ಮುಖ ನೋಡಿದಳು. ಹೂಂ ಅನ್ನಬೇಕೆಂದು ಬಾಯಿ ತೆರೆದಳು. ಆದರೆ ಅದಕ್ಕೆ ಮೊದಲೇ ಸರೋಜವ್ವ ಅಂದಳು.

"ಬ್ಯಾಡ್ರಿ ಮಾವಾರ. ಅತ್ತಿ ಈ ಗಿಡಾ ತೋರಿಸಿ ಅಂದಾರ. ಅವರ ಮಾತು ಸುಳ್ಳಾಗೋದು ಬ್ಯಾಡ."

ವೀರವ್ವ ಬಾಯಿ ಮುಚ್ಚಿಕೊಂಡಳು. ತನ್ನ ಮಾತನ್ನು ತನಗಿಂತ ಗಟ್ಟಿಯಾಗಿ ಹಿಡಿದುಕೊಂಡವಳು ಮನೆಯಲ್ಲಿ ಇನ್ನೊಬ್ಬಳಿದ್ದಾಳೆಂದು ಗೊತ್ತಾಗಿ ಅವಳಿಗೆ ಹೆಮ್ಮೆಪಡಬೇಕೋ ಹಣೆ ಚಚ್ಚಿಕೊಳ್ಳಬೇಕೋ ತಿಳಿಯಲಿಲ್ಲ.

ಚಪ್ಪರ ಹೋಯಿತು, ಒಡ್ಡು ಹೋಯಿತು. ಕೊಳೆತ ನಾಲ್ಕು ಗಿಡಗಳನ್ನು ಕಿತ್ತು ಹಾಕಿದರು. ಎಂಟು ಉಳಿದವು. ಪೂಜೆಯ ನೀರು ಮತ್ತೆ ಪತ್ರಿಗಿಡಕ್ಕೆ ಹೋಗತೊಡಗಿತು. ಇನ್ನು ಸುಮ್ಮನಿರುವುದೊಂದೇ ಕೆಲಸ. ಅದರಷ್ಟು ಕಷ್ಟದ ಕೆಲಸವನ್ನು ಆ ಮನೆಯವರು ಅದುವರೆಗೆ ಮಾಡಿರಲಿಲ್ಲ.

ಮೊದಲನೆಯ ದಿನ ಕುಬೇರಪ್ಪ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡು ಗಿಡಗಳ ಮುಂದೆ ನಿಂತ. ಎರಡನೆಯ ದಿನ ನೆಲ ಒಣಗಿ ಸಣ್ಣ ಬಿರುಕು ಬಿಟ್ಟಿತು. ಅವನು ಆ ಬಿರುಕಿನಲ್ಲಿ ಬೆರಳಿಟ್ಟು ನೋಡಿ, ಯಾರೋ ಸತ್ತ ಸುದ್ದಿ ಕೇಳಿದವನಂತೆ ಒಳಗೆ ಬಂದು ಕೂತ. ಊಟಕ್ಕೆ ಕೂತಾಗ ನೀರಿನ ತಂಬಿಗೆ ಮುಂದಿಟ್ಟರೆ, "ನಾವು ಕುಡಿಯೋದು, ಅವು ಒಣಗೋದು" ಎಂದು ನಿಟ್ಟುಸಿರು ಬಿಟ್ಟ. ಮೂರನೆಯ ದಿನ ಕೈ ತೊಳೆಯುವ ನೆಪ ಮಾಡಿಕೊಂಡು, ತುಂಬಿದ ತಂಬಿಗೆ ಹಿಡಿದು ಗೋಡೆಯ ಬುಡಕ್ಕೇ ಹೋದ.

"ಕುಬೇರಣ್ಣಾ, ತಂಬಿಗಿ ಕೆಳಗಿಡು" ಎಂದಿತು ಗೋಡೆ.

"ಕೈ ತೊಳ್ಕೊಳ್ಳಾಕ ಬಂದೇನಿ, ಮಾಬೂಬಿ."

"ಬಚ್ಚಲದಾಗ ತೊಳ್ಕೊ. ಕೈ ಏನು ಹೂವು ಬಿಡಂಗಿಲ್ಲ."

ಮನೆಯಲ್ಲಿ ಬಹಳ ದಿನದ ಮೇಲೆ ಯಾರೋ ನಕ್ಕಂತಾಯಿತು. ವೀರವ್ವ ತಿರುಗಿ ನೋಡಿದರೆ ಸರೋಜವ್ವ ಹಿಟ್ಟಿನ ಕೈಯಿಂದ ಬಾಯಿ ಮುಚ್ಚಿಕೊಂಡಿದ್ದಳು. ಮೂಗಿನ ಮೇಲೆ ಜೋಳದ ಹಿಟ್ಟು. ಆ ನಗು ಅರ್ಧ ಕೇಳಿಸಿತಷ್ಟೇ. ಆದರೂ ವೀರವ್ವನಿಗೆ ಆ ದಿನದ ರೊಟ್ಟಿಗಳು ತಾವಾಗಿಯೇ ಉಬ್ಬಿದಂತೆ ಕಂಡವು.

ಕುಬೇರಪ್ಪನನ್ನು ಮಾತ್ರ ನೆಚ್ಚುವಂತಿರಲಿಲ್ಲ. ಕೊನೆಗೆ ಪರಮೇಶಪ್ಪ ಜಾಲಿಮುಳ್ಳು ಕಡಿದು ತಂದು ಗಿಡಗಳ ಸುತ್ತ ಬೇಲಿ ಹಾಕಿದ. ಎಮ್ಮೆ ಕೊಟ್ಟಿಗೆಯಲ್ಲಿ ಕಟ್ಟಿಯೇ ಇರುತ್ತದೆ, ಆಡು ಇದನ್ನು ತಿನ್ನುವುದಿಲ್ಲ. "ಬೇಲಿ ಯಾರಿಗೋ?" ಎಂದು ಓಣಿಯವರು ಕೇಳಿದರೆ, "ನಮ್ಮಪ್ಪಗ" ಎಂದ.

ಐದನೆಯ ದಿನ ಜೋತುಬಿದ್ದ ಎಲೆಗಳು ಉದುರಿ ಹೊಸ ಚಿಗುರು ಕಂಡಿತು. ಏಳನೆಯ ದಿನ ಮೊಗ್ಗು. ಆದರೆ ದಿನಗಳು ಮೊಗ್ಗಿಗಿಂತ ಬೇಗ ಬರುತ್ತಿದ್ದವು. ನಡುವೆ ಬಂದು ಹೋದ ಮೂರನೆಯ ಸೋಮವಾರ ಒಂಬತ್ತೇ ಹೂವಿತ್ತು. ನಾಲ್ಕನೆಯ ಸೋಮವಾರ ಉಳಿವೆಪ್ಪನ ಬಂಡಿ ಬರುವ ದಿನ. ಹಿಂದಿನ ಸಂಜೆ ವೀರವ್ವ ಮೊಗ್ಗುಗಳ ಮುಂದೆ ಕುಕ್ಕರಗಾಲಲ್ಲಿ ಕೂತು, ಒಂದೊಂದನ್ನೇ ಬೆರಳಿಂದ ಮುಟ್ಟಿ, "ಅರಳ್ರವ್ವಾ, ನನ್ನ ಮಾನಾ ಉಳಸ್ರವ್ವಾ" ಎಂದು ಬೇಡಿಕೊಂಡಳು. ಮೂವತ್ತು ವರ್ಷದಲ್ಲಿ ಅವಳು ಯಾರನ್ನೂ ಹಾಗೆ ಬೇಡಿರಲಿಲ್ಲ.

ಉಳಿವೆಪ್ಪ ಹಿಂದಿನ ರಾತ್ರಿ ಶಿಗ್ಗಾಂವದಲ್ಲಿ ಉಳಿದು ಸೋಮವಾರ ಹೊತ್ತು ಏರುವ ಮೊದಲೇ ಬಂದ. ಬಂಡಿಗೆ ಕಮಾನು ಕಟ್ಟಿ, ಒಳಗೆ ಹುಲ್ಲು ಹಾಸಿ, ಮೇಲೆ ಕೌದಿ ಹಾಕಿದ್ದ. ಎತ್ತುಗಳ ಕೊಂಬಿಗೆ ಬಣ್ಣ ಬಳಿದಿದ್ದ. ಸರೋಜವ್ವ ಅರಿವೆಯ ಗಂಟು ಕಟ್ಟಿ ಪಡಸಾಲೆಯಲ್ಲಿ ಇಟ್ಟಿದ್ದಳು. ಅಣ್ಣನನ್ನು ಕಂಡ ಮೇಲೆ, ಯಾರೂ ನೋಡುತ್ತಿಲ್ಲವೆಂದುಕೊಂಡು, ಆ ಗಂಟನ್ನು ಮೆಲ್ಲಗೆ ಬಾಗಿಲ ಹಿಂದೆ ಸರಿಸಿದಳು. ವೀರವ್ವ ನೋಡಿದಳು.

ಜಳಕ ಮಾಡಿ, ವಿಭೂತಿ ಧರಿಸಿ, ಹಿತ್ತಾಳೆಯ ಹರಿವಾಣ ಹಿಡಿದು ವೀರವ್ವ ಮುಳ್ಳುಬೇಲಿ ಸರಿಸಿದಳು. ಮನೆಮಂದಿ ಹಿಂದೆ ನಿಂತರು. ಗೋಡೆಯ ಮೇಲೆ ಮಾಬೂಬಿ. ಒಂದೊಂದೇ ಹೂವು ಬಿಡಿಸಿ ಹರಿವಾಣದಲ್ಲಿ ಹಾಕುತ್ತ ವೀರವ್ವ ಎಣಿಸಿದಳು. ಇಪ್ಪತ್ತೆರಡು.

ಇನ್ನು ಗಿಡದಲ್ಲಿ ಮೊಗ್ಗು ಬಿಟ್ಟರೆ ಏನೂ ಇರಲಿಲ್ಲ.

"ಇನ್ನೊಮ್ಮೆ ಎಣಿಸು" ಎಂದ ಕುಬೇರಪ್ಪ.

ಇನ್ನೊಮ್ಮೆ ಎಣಿಸಿದಳು. ಇಪ್ಪತ್ತೆರಡೇ. ಉಳಿವೆಪ್ಪ ಕೆಮ್ಮಿ, ಎತ್ತಿಗೆ ನೀರು ಕುಡಿಸಬೇಕೆಂದು ಗೊಣಗುತ್ತ ಎಲ್ಲಿಗೂ ಹೋಗದೆ ನಿಂತ. ಪರಮೇಶಪ್ಪ ನೆಲ ನೋಡಿದ. ಸರೋಜವ್ವ ಮಾತ್ರ ಮುಂದೆ ಬಂದು ಹರಿವಾಣಕ್ಕೆ ಕೈ ಚಾಚಿದಳು.

"ಇರ್ಲಿ ಬಿಡ್ರಿ ಅತ್ತೀ. ಪೂಜಿಗೆ ಹೊತ್ತಾಗ್ತೈತಿ, ಕೊಡ್ರಿ. ಅಣ್ಣಾ, ಕುಪ್ಪಸ ಹೊಲದಿಟ್ಟೇನಿ, ತಂಗಿಗೆ ಕೊಡು. ಕಳಸಾ ಬ್ಯಾರೆ ಯಾರರ ಹಿಡೀತಾರ..."

ಮಾತು ಅಲ್ಲಿಗೇ ತುಂಡಾಯಿತು. ಅಷ್ಟೇ. ಅವಳು ಮುಖ ತಿರುಗಿಸಿದಳು.

ವೀರವ್ವ ಹರಿವಾಣ ಬಿಡಲಿಲ್ಲ.  ಒಂದು ಹೂವನ್ನು ಎತ್ತಿ ಕಣ್ಣ ಹತ್ತಿರ ಹಿಡಿದಳು. ಆಮೇಲೆ, ಪೇಟೆಯಲ್ಲಿ ಧಾರಣೆ ಹೇಳುವಾಗಿನ ಅದೇ ದನಿಯಲ್ಲಿ, ಅದೇ ಬಿಗಿದ ಮುಖದಲ್ಲಿ, ಹೂವಿನ ಎಸಳುಗಳ ಮೇಲೆ ಹೆಬ್ಬೆರಳು ಓಡಿಸಿದಳು.

"ಒಂದು, ಎರಡು, ಮೂರು, ನಾಕು, ಐದು." ಹೂವನ್ನು ಕೆಳಗಿಟ್ಟು ಇನ್ನೊಂದನ್ನು ಎತ್ತಿದಳು. "ಆರು, ಏಳು, ಎಂಟು, ಒಂಬತ್ತು, ಹತ್ತು."

"ಏನು ಮಾಡಾಕತ್ತೀಯ?" ಎಂದ ಕುಬೇರಪ್ಪ.

"ಎಣಸಾಕತ್ತೇನಿ. ನಡುವ ಬಾಯಿ ಹಾಕಬ್ಯಾಡ, ಲೆಕ್ಕ ತಪ್ಪತೈತಿ. ಹನ್ನೊಂದು, ಹನ್ನೆರಡು..."

"ಆದ್ರ ನೀ ಅಂದದ್ದು ಹೂವು..."

"ನಾ ಯಾವ ಮನಿಯಾಕಿ?" ವೀರವ್ವ ತಲೆ ಎತ್ತಿ ಗಂಡನನ್ನು ದಿಟ್ಟಿಸಿದಳು. "ಎಲಿ ತ್ವಾಟದ ಮನಿಯಾಕಿ. ಪ್ಯಾಟ್ಯಾಗ ಕುಂತು ನಾ ಬಳ್ಳಿ ಎಣಿಸಿ ಮಾರತೇನೋ, ಎಲಿ ಎಣಿಸಿ ಮಾರತೇನೋ? ಬಳ್ಳಿ ಒಂದ ಇರತೈತಿ. ಎಲಿ ಎಷ್ಟೋ ಅಷ್ಟು ಲೆಕ್ಕ. ನಮ್ಮ ಮನ್ಯಾಗ ಲೆಕ್ಕ ಹಂಗ."

 ಅವಳು ಅಂದದ್ದು ಹೂವು ಎಂಬುದು ಅಲ್ಲಿದ್ದ ಎಲ್ಲರಿಗೂ ಗೊತ್ತಿತ್ತು. ಉಳಿವೆಪ್ಪನ ಎತ್ತುಗಳಿಗೂ ಗೊತ್ತಿದ್ದಿರಬೇಕು. ಎಪ್ಪತ್ತು ಆಯಿತು, ತೊಂಬತ್ತು ಆಯಿತು. ಇಪ್ಪತ್ತೆರಡನೆಯ ಹೂವಿನ ಮೂರನೆಯ ಎಸಳಿಗೆ ನೂರಾ ಎಂಟು ಮುಗಿಯಿತು. ಎರಡು ಎಸಳು ಉಳಿದವು.

"ಆ ಎರಡು ಶಿವಗ ಕೊಸರು" ಎಂದು ವೀರವ್ವ ಹೂವನ್ನು ಹರಿವಾಣದಲ್ಲಿಟ್ಟಳು.

"ವಾಹ್ ಅಕ್ಕಾ!" ಎಂದಳು ಮಾಬೂಬಿ ಗೋಡೆಯ ಮೇಲಿಂದ. "ಇಂಥಾ ಲೆಕ್ಕ ಗೊತ್ತಿದ್ರ ಮೊದಲನೇ ದಿನಾನ ನಲವತ್ತೊಂದಿತ್ತಲ್ಲ. ಹುಡುಗಿ ಇಷ್ಟೊತ್ತಿಗೆ ಎರಡು ಸಲ ಹೋಗಿ ಬರತಿದ್ದಳು."

"ನೀ ಇಳಿ ಕೆಳಗ. ಗ್ವಾಡಿ ಬಿದ್ದೀತು."

ಪೂಜೆಯಾಯಿತು. ಒಂದೊಂದು ಹೂವಿಗೆ ಐದೈದು ಸಲ ಶಿವನ ಹೆಸರು ಹೇಳಿ ವೀರವ್ವ ಏರಿಸಿದಳು. ಶಿವನು ಒಪ್ಪಿದನೋ ಇಲ್ಲವೋ, ಅಡ್ಡ ಮಾತಂತೂ ಆಡಲಿಲ್ಲ. ಹೊರಗೆ ಬಂದಾಗ ಅರಿವೆಯ ಗಂಟು ಬಾಗಿಲ ಹಿಂದಿನಿಂದ ಬಂಡಿಯೊಳಗೆ ಹೋಗಿ ಕೂತಿತ್ತು. ಕುಬೇರಪ್ಪ ಎರಡು ಕಟ್ಟು ಎಲೆಯನ್ನು ಒದ್ದೆ ಅರಿವೆಯಲ್ಲಿ ಸುತ್ತಿ ತಂದು, ದಾರಿಯಲ್ಲಿ ಮೂರು ಸಲ ನೀರು ಚಿಮುಕಿಸಬೇಕೆಂದು ಉಳಿವೆಪ್ಪನಿಗೆ ಹೇಳುತ್ತಿದ್ದ. ಪರಮೇಶಪ್ಪ ಬಂಡಿಯ ಗಾಲಿ ಗಟ್ಟಿ ಇದೆಯೋ ಇಲ್ಲವೋ ಎಂದು ಹೆಂಡತಿ ಕೂತ ಬದಿಯ ಗಾಲಿಯನ್ನಷ್ಟೇ ಮೂರು ಸಲ ನೋಡಿದ.

ವೀರವ್ವ ಸೊಸೆಯ ಉಡಿಯಲ್ಲಿ ಅಕ್ಕಿ, ಕೊಬ್ಬರಿ ಹಾಕಿದಳು. ತಂಗಿಯ ಮುಯ್ಯಿಗೆಂದು ಒಂದು ಸೀರೆ ಕೊಟ್ಟಳು. ಅದನ್ನು ಅವಳು ಯಾವಾಗ ತಂದಿಟ್ಟಿದ್ದಳೋ ಯಾರಿಗೂ ಗೊತ್ತಿರಲಿಲ್ಲ.

"ಲಗ್ನ ಮುಗಿದ ಮ್ಯಾಲ ಎಂಟು ದಿನಾ ಇರು. ಎಂಟು ದಿನದ ಮ್ಯಾಲ ಬಾ" ಎಂದಳು.

ಸರೋಜವ್ವ ಬಂಡಿಯ ಕಮಾನಿನಿಂದ ಮುಖ ಹೊರಗೆ ಹಾಕಿದಳು. ಮೂರು ವಾರದಿಂದ ಕಾಣದಿದ್ದ ತುಂಟತನ ಕಣ್ಣಲ್ಲಿ ಕುಣಿಯುತ್ತಿತ್ತು. ಬೆನ್ನು ನೆಟ್ಟಗೆ ಮಾಡಿ, ಗದ್ದ ಎತ್ತಿ, ಮುಖ ಬಿಗಿದು, ಅತ್ತೆಯ ದನಿಯಲ್ಲೇ ಕೇಳಿದಳು.

"ಎಂಟು ದಿನಾ ಅಂದ್ರ ಹ್ಯಾಂಗ್ರಿ ಅತ್ತೀ? ಬಳ್ಳಿ ಲೆಕ್ಕಾನೋ, ಎಲಿ ಲೆಕ್ಕಾನೋ?"

ಕುಬೇರಪ್ಪ ಮೊದಲು ನಕ್ಕ. ಆಮೇಲೆ ಉಳಿವೆಪ್ಪ, ಆಮೇಲೆ ಓಣಿಗೆ ಓಣಿಯೇ. ವೀರವ್ವ ಸಿಟ್ಟಿನ ಮುಖ ಹಾಕಿಕೊಳ್ಳಲು ನೋಡಿದಳು. ತುಟಿ ಮಾತು ಕೇಳಲಿಲ್ಲ. ಸೆರಗು ಬಾಯಿಗೆ ಹಿಡಿದು, ಗಾಲಿಯ ಮೇಲೆ ಕೈಯೂರಿ, ಕಣ್ಣಲ್ಲಿ ನೀರು ಬರುವ ತನಕ ನಕ್ಕಳು. ನಕ್ಕು ಸಾಕಾದ ಮೇಲೆ ಸೊಸೆಯ ಗಲ್ಲ ಹಿಡಿದು, ಅವಳಿಗೊಬ್ಬಳಿಗೇ ಕೇಳಿಸುವ ಹಾಗೆ ಹೇಳಿದಳು.

"ಲಗೂ ಬಾರವ್ವಾ. ಇವರಿಬ್ಬರೂ ಮಾತಾಡಂಗಿಲ್ಲ."

ಬಂಡಿ ಶಿಗ್ಗಾಂವದ ದಾರಿ ಹಿಡಿಯಿತು.